ಸತ್ತ ಫ್ಯೂಸಿನ ಕಳ್ಳ

ಹಾರನ್ ಒತ್ತಿದರೆ ಸದ್ದು ಬರಲಿಲ್ಲ. ಅಪರಾಧ ಬೆಳಕಿಗೆ ಬಂದದ್ದು ಹಾಗೆ.

ಒತ್ತಿದವರು ಚನ್ನರಾಯಪಟ್ಟಣದ ಕೊಬ್ಬರಿ ಮಂಡಿಯ ಈಶ್ವರಯ್ಯ. ಹಿಂದಿನ ಸೀಟಿನಲ್ಲಿ ಪೇಟ ಸುತ್ತಿಕೊಂಡು ಕೂತಿದ್ದ ಮದುವೆ ಗಂಡು ಅವರ ಮಗ. ಹೊಳೆನರಸೀಪುರದಿಂದ ಅರಕಲಗೂಡಿಗೆ ಹೋಗಬೇಕು. ಅಲ್ಲಿ ಹೆಣ್ಣಿನ ಕಡೆಯವರು ವಾಲಗದ ಸಮೇತ ಊರ ಮುಂದೆ ಕಾಯುತ್ತಿದ್ದಾರೆ. ಕಾರು ಹೊಳೆನರಸೀಪುರದ ಗಂಗಾಧರಯ್ಯನವರದು, ಎರವಲು. ಈಶ್ವರಯ್ಯ ಇನ್ನೊಮ್ಮೆ ಒತ್ತಿದರು. ಆಮೇಲೆ ಗುದ್ದಿದರು.

"ಫ್ಯೂಸ್ ಓಗೈತೆ ಬುದ್ಧಿ," ಎಂದ ಡ್ರೈವರ್ ಬೈರಯ್ಯ.

"ಓಗೈತೆ ಅಂದ್ರೆ? ಎಲ್ಲಿಗೆ ಹೋಯ್ತಯ್ಯ, ಮದುವೆಗಾ?"

ಕಾರಿನ ಯಜಮಾನರು ಪಕ್ಕದಲ್ಲೇ ನಿಂತು ಕೈ ಹೊಸೆಯುತ್ತಿದ್ದರು. "ದಾರಿ ತುಂಬ ಗಾಡಿ, ಕುರಿ ಮಂದೆ. ಹಾರನ್ ಇಲ್ಲದೆ ಹೆಂಗೆ ಬಿಡೋದು ಈಶ್ವರಯ್ಯ? ಕಾನೂನು ಬೇರೆ ಇದೆ."

ಬೈರಯ್ಯ ಫ್ಯೂಸ್ ತರಲು ಹಾಸನದ ಬಸ್ಸು ಹತ್ತಿದ. ಮದುವೆ ಗಂಡು ಅಕ್ಕಿ ಗಿರಣಿಯ ಲಾರಿ ಹತ್ತಿದ. ಹಳ್ಳಿಮೈಸೂರಿನ ಹತ್ತಿರ ಗಾಳಿಗೆ ಪೇಟ ಹಾರಿ ಗದ್ದೆಗೆ ಬಿತ್ತು. ಮುಹೂರ್ತವೇನೋ ತಪ್ಪಲಿಲ್ಲ. ಮರ್ಯಾದೆ ತಪ್ಪಿತು.

*

ಐವತ್ತರ ದಶಕ ಮುಗಿಯುತ್ತ ಬಂದ ಕಾಲ ಅದು. ಹೊಳೆನರಸೀಪುರದಲ್ಲಿ ಕಾರುಗಳನ್ನು ಅವುಗಳ ಸದ್ದಿನಿಂದಲೇ ಗುರುತಿಸುತ್ತಿದ್ದರು. ಹೊಳೆ ಸೇತುವೆಯ ಮೇಲೆ ಒಂದು ಕಾರು ಬಂದರೆ, ಅದು ಡಾಕ್ಟರದೋ ಗಂಗಾಧರಯ್ಯನವರದೋ ಎಂದು ಪೇಟೆಯವರು ಅಂಗಡಿಯೊಳಗೆ ಕೂತೇ ಹೇಳಿಬಿಡುತ್ತಿದ್ದರು. ಗಂಗಾಧರಯ್ಯನವರದು ದುಂಡು ಬೆನ್ನಿನ ಕರೀ ಆಸ್ಟಿನ್. ಬಾಗಿಲು ತೆಗೆದರೆ ಚರ್ಮದ ಸೀಟಿನ ವಾಸನೆ, ಪೆಟ್ರೋಲಿನ ವಾಸನೆ, ಯಾರದೋ ಮದುವೆಯ ಬಾಡಿದ ಮಲ್ಲಿಗೆಯ ವಾಸನೆ. ಹೆಸರಿಗೆ ಅವರದು, ಉಪಯೋಗಕ್ಕೆ ಇಡೀ ತಾಲ್ಲೂಕಿನದು. ಬಾಣಂತಿ, ಬೀಗರು, ಮಾವಿನ ಹಣ್ಣಿನ ಮಂಕರಿ, ಎಲ್ಲವೂ ಅದರಲ್ಲಿ ಓಡಾಡಿದ್ದವು. ಗಂಗಾಧರಯ್ಯ ಕೇಳಿದವರಿಗೆ ಇಲ್ಲ ಎಂದದ್ದನ್ನು ಕಂಡವರಿರಲಿಲ್ಲ. ಊರಿನಲ್ಲಿ ಅವರಿಗೆ ಅದೇ ದೊಡ್ಡ ಹೆಸರು.

ಸಬ್ ಇನ್ಸ್‌ಪೆಕ್ಟರ್ ತಮ್ಮಯ್ಯನ ಮೇಜಿನ ಮೇಲೆ ಈಗ ಗಂಗಾಧರಯ್ಯನವರ ರುಜು ಇರುವ ದೂರು ಇತ್ತು. ಹೇಳಿ ಬರೆಸಿದವರು ಈಶ್ವರಯ್ಯ. ಸಾರಾಂಶ ಇಷ್ಟೆ: ಇತ್ತೀಚೆಗೆ ಯಾರಾದರೂ ಕಾರು ಕೇಳಿದ ಮಾರನೆಯ ದಿನವೇ ಫ್ಯೂಸ್ ಹೋಗುತ್ತದೆ. ಇದು ಡ್ರೈವರ್ ಬೈರಯ್ಯನ ಕೈವಾಡ. ಹಾಸನದ ಟ್ಯಾಕ್ಸಿ ಹುಚ್ಚಯ್ಯ ಅವನ ಸ್ನೇಹಿತ. ಕಾರು ಕೆಟ್ಟರೆ ಜನ ಟ್ಯಾಕ್ಸಿ ಹತ್ತುತ್ತಾರೆ, ಇವನಿಗೆ ಅದರಲ್ಲಿ ಪಾಲು. ಆದ್ದರಿಂದ ಅವನ ಲೈಸೆನ್ಸ್ ರದ್ದು ಮಾಡಿಸಿ, ಒಳಗೆ ಹಾಕಬೇಕು.

ತಮ್ಮಯ್ಯ ಹರದನಹಳ್ಳಿಯ ಕಡೆಯವನು. ಮೈಸೂರಿನಲ್ಲಿ ತರ್ಕಶಾಸ್ತ್ರ ಓದಿ ಪೊಲೀಸ್ ಇಲಾಖೆ ಸೇರಿದ್ದ. ಅಲ್ಲಿ ಅದು ಇನ್ನೂ ಉಪಯೋಗಕ್ಕೆ ಬಂದಿರಲಿಲ್ಲ.

ಬೈರಯ್ಯ ಸ್ಟೇಷನ್ನಿನ ಜಗುಲಿಯಲ್ಲಿ ಕೂತಿದ್ದ. ಅವನ ಹೆಂಡತಿ ಬೆಟ್ಟಮ್ಮ ಮುದ್ದೆಯ ಗಂಟು ಹಿಡಿದು ಕಂಬಕ್ಕೆ ಒರಗಿದ್ದಳು.

"ಇಪ್ಪತ್ತು ವರ್ಸದಿಂದ ಅವ್ರ ಹಿತ್ಲಲ್ಲೇ ಇದೀವಿ ಸಾ," ಎಂದಳು. "ಲೈಸೆನ್ಸ್ ಕಿತ್ಕಂಡ್ರೆ ನಾವು ಎಲ್ಲಿಗೋಗಾನ? ಕಳ್ಳ ಅಂದ್ರೆ ಯಾರ್ ಕರೀತಾರೆ ಕೆಲ್ಸುಕ್ಕೆ?"

"ನೀನೇನಂತೀಯ ಬೈರಯ್ಯ?"

"ನಾ ಮಾಡಿಲ್ಲ ಸಾ."

"ಮತ್ತೆ ಯಾರು?"

ಬೈರಯ್ಯ ರಸ್ತೆ ಕಡೆ ನೋಡಿದ. "ನಾ ಮಾಡಿಲ್ಲ," ಎಂದ ಮತ್ತೆ.

*

ಗಂಗಾಧರಯ್ಯನವರ ಮನೆಯಲ್ಲಿ ಕಾಫಿ ಬಂತು. ಮದುವೆ ಮುಗಿಸಿ ಬಂದು ಅಲ್ಲೇ ಠಿಕಾಣಿ ಹೂಡಿದ್ದ ಈಶ್ವರಯ್ಯನವರಿಗೆ ಬೆಳ್ಳಿ ಲೋಟ, ತಮ್ಮಯ್ಯನಿಗೆ ಪಿಂಗಾಣಿ ಕಪ್ಪು. ಆ ತರ್ಕವನ್ನು ತಮ್ಮಯ್ಯ ಕಾಲೇಜಿಗೆ ಹೋಗುವ ಮೊದಲೇ ಕಲಿತಿದ್ದ. ಕಾಫಿ ಮಾತ್ರ ಚೆನ್ನಾಗಿತ್ತು.

"ಕಾರು ಹೊರಗೆ ಹೋಗೋದು ನಿಮಗೆ ಇಷ್ಟವಿಲ್ಲವಂತೆ, ಹೌದೇನಮ್ಮ?" ಎಂದು ಯಜಮಾನರ ಹೆಂಡತಿ ನೀಲಾಂಬಿಕೆಯನ್ನು ಕೇಳಿದ.

"ಯಾರಿಗೆ ಇಷ್ಟ ಇರುತ್ತೆ? ಕಡೇ ಸಲ ಹೊರಗೆ ಹೋಗಿ ಬಂದಾಗ ಸೀಟಿನ ಸಂದೀಲಿ ಕೋಳಿ ಪುಕ್ಕ ಇತ್ತು. ನಮ್ಮ ಮನೇಲಿ, ಕೋಳಿ ಪುಕ್ಕ!"

"ಫ್ಯೂಸ್ ತೆಗೆದದ್ದು ನೀವೇ ಇರಬಹುದಲ್ಲ?"

ನೀಲಾಂಬಿಕೆ ಸೆರಗು ಸಿಕ್ಕಿಸಿಕೊಂಡರು. "ನಾನು ಯಾಕೆ ತೆಗೀಲಿ? ನನ್ನ ಕೇಳಿದ್ರೆ ಇಲ್ಲ, ಕೊಡಲ್ಲ ಅಂತ ಮುಖಕ್ಕೆ ಹೇಳ್ತೀನಿ. ಅದಕ್ಕೇ ಯಾರೂ ನನ್ನ ಕೇಳಲ್ಲ."

ಈಶ್ವರಯ್ಯ ಕಾಫಿ ಲೋಟದೊಳಗೆ ಮುಖ ಮಾಡಿದರು.

ತಮ್ಮಯ್ಯ ಒಬ್ಬನೇ ಶೆಡ್ಡಿಗೆ ಹೋದ. ಬಾಗಿಲಿಗೆ ಬೀಗವಿರಲಿಲ್ಲ. ಬಾನೆಟ್ ಎತ್ತಿದ. ಒಂದು ಕರೀ ಡಬ್ಬಿ, ಅದರ ಮುಚ್ಚಳದೊಳಗೆ ಬೆರಳ ಗೆಣ್ಣಿನಷ್ಟು ಉದ್ದದ ಎರಡು ಗಾಜಿನ ಫ್ಯೂಸುಗಳು. ಹೆಚ್ಚುವರಿ ಫ್ಯೂಸಿನ ಜಾಗ ಖಾಲಿ. ಎರಡರಲ್ಲಿ ಮೊದಲನೆಯದು, ಬೈರಯ್ಯ ಹಾಸನದಿಂದ ತಂದು ಹಾಕಿದ್ದ ಹೊಸದು, ಹೊಳೆಯುತ್ತಿತ್ತು. ಹಾರನ್ ಒತ್ತಿದ. ಹಿತ್ತಲಿನ ಕಾಗೆಗಳೆಲ್ಲ ಎದ್ದವು. ಹೊಸ ಫ್ಯೂಸನ್ನು ಬಿಚ್ಚಿ ಮತ್ತೆ ಒತ್ತಿದ. ಹಾರನ್ ಸತ್ತಿತು, ಒಳಗಿನ ದೀಪ ಸತ್ತಿತು. ಆದರೆ ಕೀಲಿ ತಿರುಗಿಸಿದರೆ ವೈಪರ್ ಆಡಿತು, ಇಂಜಿನ್ ಕೂಡ ಚಾಲೂ ಆಯಿತು. ಹೋಗುತ್ತಿದ್ದದ್ದು ಈ ಮೊದಲನೆಯ ಫ್ಯೂಸೇ. ಅದನ್ನು ಮತ್ತೆ ಹಾಕಿ ಎಷ್ಟೋ ಹೊತ್ತು ಹಾರನ್ ಹೊಡೆದ. ಅದು ಸುಡಲಿಲ್ಲ.

ಶೆಡ್ಡಿನ ಕಿಟಕಿಯ ಕಟ್ಟೆಯ ಮೇಲೆ ಸುಟ್ಟ ಫ್ಯೂಸ್ ಒಂದಿತ್ತು. ಒಳಗಿನ ತಂತಿ ಕರಗಿ ಗಾಜಿಗೆ ಮಸಿ ಹಿಡಿದಿತ್ತು. ಅಕ್ಕಪಕ್ಕ ತಡಕಿದ. ಬೇರೆ ಯಾವುದೂ ಇರಲಿಲ್ಲ. ತಮ್ಮಯ್ಯ ಅದನ್ನು ಬಹಳ ಹೊತ್ತು ನೋಡಿದ. ಆಮೇಲೆ ಜೇಬಿನ ಚಾಕುವಿನ ಮೊನೆಯಿಂದ ಅದರ ಹಿತ್ತಾಳೆಯ ತುದಿಯ ಮೇಲೆ ಏನೋ ಗೀಚಿ, ಇದ್ದ ಜಾಗದಲ್ಲೇ ಇಟ್ಟ.

*

ಹಾಸನದ ಬಸ್ ಸ್ಟ್ಯಾಂಡಿನ ಹತ್ತಿರ ಹುಚ್ಚಯ್ಯ ತನ್ನ ಟ್ಯಾಕ್ಸಿಯ ಮಡ್‌ಗಾರ್ಡಿನ ಮೇಲೆ ಕೂತು ಕಡಲೆಕಾಯಿ ಬಿಡಿಸುತ್ತಿದ್ದ. ತಮ್ಮಯ್ಯ ಹೇಳಿದ್ದನ್ನು ಕೇಳಿ ಕೆಮ್ಮುವವರೆಗೂ ನಕ್ಕ.

"ಪಾಲಾ? ಯಾವ ಪಾಲು ಸಾ? ಎರವಲು ಕಾರ್ ಕೇಳೋರು ಅದು ಸಿಗ್ನಿಲ್ಲ ಅಂತ ಕಾಸ್ ಕೊಟ್ಟು ಟ್ಯಾಕ್ಸಿ ಅತ್ತಾರಾ? ಬಸ್ಸಿಗೋಯ್ತಾರೆ, ಇಲ್ದಿದ್ರೆ ಲಾರಿಗೆ. ಈಶ್ವರಯ್ಯನೋರೇ ಮಗನ್ನ ಲಾರಿ ಮ್ಯಾಲೆ ಕಳಿಸ್ನಿಲ್ವಾ?"

ತಮ್ಮಯ್ಯನಿಗೆ ನಗು ಬಂತು. ತರ್ಕಶಾಸ್ತ್ರದ ಮೇಷ್ಟರು ಇದಕ್ಕಿಂತ ಚೆನ್ನಾಗಿ ಹೇಳುತ್ತಿರಲಿಲ್ಲ.

ಸ್ಟೇಷನ್ನಿಗೆ ವಾಪಸು ಬಂದು ಬೈರಯ್ಯನನ್ನು ಕೇಳಿದ: "ಪದೇ ಪದೇ ಫ್ಯೂಸ್ ಹೋಗುತ್ತೆ, ಪದೇ ಪದೇ ಹಾಸನಕ್ಕೆ ಹೋಗ್ತೀಯ. ಒಂದೇ ಸಲ ಡಬ್ಬಿ ತಂದಿಟ್ಟುಕೊಂಡರೆ ಆಗುತ್ತಿರಲಿಲ್ಲವೇ?"

"ತತ್ತೀನಿ ಅಂದೆ ಸಾ. ಯಜಮಾನ್ರು ಒಂದೇ ಸಾಕು ಅಂದ್ರು."

"ಸುಟ್ಟ ಫ್ಯೂಸುಗಳನ್ನ ಏನು ಮಾಡ್ತೀಯ?"

"ಕಿಟ್ಕಿ ಮ್ಯಾಲೆ ಮಡುಗ್ತೀನಿ." ಬೈರಯ್ಯ ತಲೆ ಎತ್ತಲಿಲ್ಲ.

"ಎಸೆಯೋದಿಲ್ಲ?"

"ಇಲ್ಲ ಸಾ."

*

ಸಂಜೆ ತಮ್ಮಯ್ಯ ಮತ್ತೆ ಅದೇ ಬೀದಿಗೆ ಹೋದ. ಗಂಗಾಧರಯ್ಯ ಗೇಟಿನ ಹತ್ತಿರ ಒಬ್ಬರೇ ಇದ್ದರು. ಸುತ್ತ ಯಾರೂ ಇಲ್ಲದ್ದನ್ನು ನೋಡಿಕೊಂಡು ತಮ್ಮಯ್ಯ ಸಂಕೋಚ ನಟಿಸಿದ.

"ಒಂದು ಉಪಕಾರ ಆಗಬೇಕಿತ್ತು. ನಾಳೆ ರುದ್ರಪಟ್ಟಣದಲ್ಲಿ ಹಾಡುಗಾರಿಕೆ ಇದೆಯಂತೆ. ನಮ್ಮ ಅವ್ವನಿಗೆ ಕೇಳಬೇಕು ಅಂತ ಆಸೆ. ಕಾರು ಕೊಟ್ಟರೆ ನಾನೇ ಓಡಿಸಿಕೊಂಡು ಹೋಗಿ ಬರ್ತೀನಿ."

ಗಂಗಾಧರಯ್ಯನವರ ಮುಖ ಅರಳಿತು. "ಅದಕ್ಕೇನಂತೆ! ನಿಮ್ಮದೇ ಕಾರು ಅಂದ್ಕೊಳಿ ಇನ್ಸ್‌ಪೆಕ್ಟ್ರೇ. ಬೆಳಿಗ್ಗೆ ಬಂದುಬಿಡಿ."

ಈ ಮಾತು ಮೂರನೆಯವರ ಕಿವಿಗೆ ಬೀಳಲಿಲ್ಲ. ಬೈರಯ್ಯ ಸ್ಟೇಷನ್ನಿನ ಜಗುಲಿಯಲ್ಲೇ ಮಲಗಿದ.

*

ಬೆಳಿಗ್ಗೆ ತಮ್ಮಯ್ಯ ಬೈರಯ್ಯನನ್ನೂ ಬೆಟ್ಟಮ್ಮನನ್ನೂ ಕರೆದುಕೊಂಡು ಬಂದ. ಈಶ್ವರಯ್ಯ, ನೀಲಾಂಬಿಕೆ, ಗಂಗಾಧರಯ್ಯ ಎಲ್ಲರೂ ಶೆಡ್ಡಿನ ಮುಂದೆ ಸೇರಿದರು. ತಮ್ಮಯ್ಯ ಕಾರಿನ ಕಿಟಕಿಯೊಳಗೆ ಕೈ ತೂರಿಸಿ ಹಾರನ್ ಒತ್ತಿದ.

ಸದ್ದಿಲ್ಲ.

"ನೋಡಿದ್ರಾ!" ಈಶ್ವರಯ್ಯ ಕುಣಿದಾಡಿದರು. "ಮತ್ತೆ ಮಾಡಿದ್ದಾನೆ ಕಳ್ಳ!"

"ಸ್ಟೇಷನ್ ಜಗುಲಿ ಮೇಲೆ ಮಲಗಿಕೊಂಡೇ?" ಎಂದ ತಮ್ಮಯ್ಯ. "ಒಳ್ಳೇ ಉದ್ದದ ಕೈ ಆಯಿತು."

ಈಶ್ವರಯ್ಯ ಬೈರಯ್ಯನ ಕಡೆ ಚಾಚಿದ್ದ ಬೆರಳನ್ನು ಮಡಿಸಿಕೊಂಡರು.

ತಮ್ಮಯ್ಯ ಬಾನೆಟ್ ಎತ್ತಿ, ಮೊದಲನೆಯ ಫ್ಯೂಸನ್ನು ಬಿಚ್ಚಿ ಅಂಗೈ ಮೇಲಿಟ್ಟು ತೋರಿಸಿದ. ಗಾಜಿನೊಳಗೆ ಮಸಿ. ಹಿತ್ತಾಳೆಯ ತುದಿಯಲ್ಲಿ ಸಣ್ಣ ಕತ್ತರಿ ಗುರುತು.

"ಈ ಗುರುತು ನನ್ನದು. ನಿನ್ನೆ ಇದು ಕಿಟಕಿಯ ಮೇಲಿತ್ತು, ಆಗಲೇ ಸತ್ತಿತ್ತು. ರಾತ್ರಿ ಕಳೆಯುವುದರೊಳಗೆ ಡಬ್ಬಿಗೆ ಬಂದು ಕೂತಿದೆ. ಈ ಕಾರಿನಲ್ಲಿ ಫ್ಯೂಸ್ ಸುಡುತ್ತಲೇ ಇಲ್ಲ. ತಂತಿಯಲ್ಲಿ ದೋಷವಿದ್ದಿದ್ದರೆ ನಿನ್ನೆ ಅಷ್ಟು ಹಾರನ್ ಹೊಡೆದಾಗ ಹೊಸದೂ ಸುಡಬೇಕಿತ್ತು. ಇಷ್ಟು ಸಲ ಫ್ಯೂಸ್ ಹೋದ ಮನೆಯಲ್ಲಿ ಸುಟ್ಟ ಫ್ಯೂಸುಗಳ ರಾಶಿ ಇರಬೇಕಿತ್ತು. ಇದ್ದದ್ದು ಒಂದೇ. ಒಳ್ಳೆಯ ಫ್ಯೂಸ್ ಕದಿಯುವ ಕಳ್ಳ ಎಲ್ಲ ಕಡೆಯೂ ಸಿಗುತ್ತಾನೆ. ಸತ್ತ ಫ್ಯೂಸ್ ಕದಿಯುವವನಿಗೆ ಅದರಿಂದ ಕೆಲಸವಿರಬೇಕು. ಯಾರಾದರೂ ಕಾರು ಕೇಳಿದರೆ ಒಳ್ಳೆಯದನ್ನು ತೆಗೆದು ಈ ಹೆಣವನ್ನು ಕೂರಿಸುವುದು, ಬೈರಯ್ಯ ಹೊಸದು ತಂದು ಹಾಕಿದ ಮೇಲೆ ಮುಂದಿನ ಸಲಕ್ಕೆ ಇದನ್ನೇ ಎತ್ತಿಕೊಳ್ಳುವುದು. ಒಂದು ಡಬ್ಬಿ ಫ್ಯೂಸ್ ಮನೆಯಲ್ಲಿದ್ದರೆ ಈ ಆಟ ನಡೆಯುವುದಿಲ್ಲ. ಅದಕ್ಕೇ ಒಂದೇ ಸಾಕು ಎಂಬ ಅಪ್ಪಣೆ."

ಅವನು ನೀಲಾಂಬಿಕೆಯ ಕಡೆ ತಿರುಗಿದ. "ಮುಖಕ್ಕೇ ಇಲ್ಲ ಅನ್ನುವವರಿಗೆ ಫ್ಯೂಸಿನ ಸಹಾಯ ಬೇಕಿಲ್ಲ ಎಂದು ನೀವೇ ಹೇಳಿಕೊಟ್ಟಿರಿ ತಾಯಿ. ಈ ಮನೆಯಲ್ಲಿ ಅದು ಬೇಕಾದವರು ಒಬ್ಬರೇ. ನಿನ್ನೆ ನಾನು ಕಾರು ಕೇಳಿದ್ದು ಗೊತ್ತಿದ್ದವರೂ ಅವರೊಬ್ಬರೇ."

ಗಂಗಾಧರಯ್ಯ ಕೋಟಿನ ಜೇಬಿಗೆ ಕೈ ಹಾಕಿದರು. ಒಂದು ಹಿಡಿ ಗಾಜಿನ ಫ್ಯೂಸುಗಳನ್ನು ತೆಗೆದು ಮಡ್‌ಗಾರ್ಡಿನ ಮೇಲಿಟ್ಟರು. ಎಲ್ಲ ಹೊಸವು. ಬಿಸಿಲಿಗೆ ಕಲ್ಲುಸಕ್ಕರೆಯಂತೆ ಮಿರುಗಿದವು.

"ಅಯ್ಯೋ ಶಿವನೇ," ಎಂದರು ನೀಲಾಂಬಿಕೆ.

"ಅವ್ವ ಇದ್ದಾಗ," ಎಂದು ಗಂಗಾಧರಯ್ಯ ಶುರು ಮಾಡಿದರು. ತೀರಿಹೋದ ತಾಯಿ ಬಸವಲಿಂಗಮ್ಮನ ವಿಷಯ. "ದಿನಾ ಸಂಜೆ ಕಾರಲ್ಲಿ ಹೊಳೆ ತಂಕ ಹೋಗಿ ನೀರು ನೋಡ್ಕೊಂಡು ಬರ್ತಿದ್ಲು. ಅದೊಂದೇ ಅವಳ ಆಸೆ. ಕಡೇ ದಿವಸಾನೂ ಹೊರಟು ಕೂತಿದ್ಲು. ಕಾರು ಯಾರದೋ ಬೀಗರೂಟಕ್ಕೆ ಹೋಗಿತ್ತು. ಬಂತೇನೋ, ಬಂತೇನೋ ಅಂತ ಕೇಳ್ತಾನೇ ಹೋದ್ಲು. ಆಮೇಲೆ ಯಾರಿಗೂ ಕಾರು ಕೊಡೋಕೆ ಮನಸ್ಸು ಬರಲ್ಲ. ಇಲ್ಲ ಅನ್ನೋಕೆ ಹೋದ್ರೆ ನಾಲಿಗೆ ಏಳಲ್ಲ."

"ದೂರಿಗೆ ರುಜು ಹಾಕೋಕೆ ಕೈ ಎದ್ದಿತಲ್ಲ?" ಎಂದ ತಮ್ಮಯ್ಯ.

"ಈಶ್ವರಯ್ಯ ಹಾಕಿ ಅಂದ್ರು..."

"ಅವರಿಗೂ ಬೇಡ ಅನ್ನಲಿಲ್ಲ."

ಗಂಗಾಧರಯ್ಯ ತಲೆ ತಗ್ಗಿಸಿದರು. "ರಾತ್ರಿ ಇದನ್ನ ಹಾಕುವಾಗ, ಬೈರ ಸ್ಟೇಷನ್ನಲ್ಲಿರುವಾಗ್ಲೂ ಫ್ಯೂಸ್ ಹೋದ್ರೆ ಅವನ ಕೆಲಸ ಅಲ್ಲ ಅಂತ ಎಲ್ರಿಗೂ ತಿಳಿಯುತ್ತಲ್ಲ ಅಂತಾನೂ ಅಂದ್ಕೊಂಡೆ. ಬಸವಣ್ಣನಾಣೆ."

ಅದು ನಿಜವೋ, ಈಗ ಹೊಳೆದದ್ದೋ, ತಮ್ಮಯ್ಯನಿಗೆ ತಿಳಿಯಲಿಲ್ಲ. ಅವರಿಗೂ ತಿಳಿದಿದ್ದಂತೆ ಕಾಣಲಿಲ್ಲ. ಈಶ್ವರಯ್ಯ ಬಸ್ಸಿಗೆ ಹೊತ್ತಾಯಿತೆಂದು ಗೊಣಗುತ್ತ ಮೆಲ್ಲಗೆ ಜಾರಿಕೊಂಡರು.

"ನಿನಗೆ ಗೊತ್ತಿತ್ತು," ಎಂದ ತಮ್ಮಯ್ಯ ಬೈರಯ್ಯನ ಕಡೆ ತಿರುಗಿ.

"ಗೊತ್ತಿತ್ತು ಸಾ. ಅದೇ ಫ್ಯೂಸ್‌ನ ಎಷ್ಟು ದಪ ಬಿಚ್ಚಿವ್ನಿ, ಗುರ್ತು ಸಿಗಾಕಿಲ್ವಾ?"

"ಮತ್ತೆ ಯಾಕೆ ಹೇಳಲಿಲ್ಲ?"

"ಅವ್ರು ಏಳ್ಬೇಕಾದ ಮಾತಲ್ವಾ ಸಾ. ಇವತ್ತು ಏಳ್ತಾರೆ, ನಾಳೀಕೆ ಏಳ್ತಾರೆ ಅಂತ ಕಾದೆ."

ಗಂಗಾಧರಯ್ಯ ಎರಡು ಹೆಜ್ಜೆ ಮುಂದೆ ಬಂದರು. "ಆಗಿದ್ದು ಆಗೋಯ್ತು ಬೈರ. ದೂರು ವಾಪಸ್ ತಗೋತೀನಿ. ಬೀದೀಲಿ ನಿಂತು ಎಲ್ರಿಗೂ ಹೇಳ್ತೀನಿ, ತಪ್ಪು ನನ್ನದು ಅಂತ. ನಾಳೆಯಿಂದ ಎಂದಿನಂಗೆ ಇರಪ್ಪ."

"ಏಳಿ ಯಜಮಾನ್ರೇ. ಅಷ್ಟು ಏಳ್ಬುಡಿ, ಸಾಕು. ನಾನು ಮಾತ್ರ ಇರಾಕಿಲ್ಲ."

ಜೋರಾಗಿ ಅಂದದ್ದಲ್ಲ. ರೇಡಿಯೇಟರಿನಲ್ಲಿ ನೀರಿಲ್ಲ ಎನ್ನುವಷ್ಟೇ ಮೆತ್ತಗೆ.

"ನನ್ನ ಮೇಲೆ ಸಿಟ್ಟೇನೋ?"

"ಸಿಟ್ಟಿಲ್ಲ. ಆವತ್ತು ಬೀಗರೂಟುಕ್ಕೆ ಕಾರ್ ತಗಂಡೋಗಿದ್ದೋನು ನಾನೇ ಅಲ್ವಾ? ನಂಗೂ ಅವ್ವನೋರ ಮೊಕ ಮರ್ತಿಲ್ಲ. ಕಾರ್ ಯಾರ್ಗೂ ಕೊಡಬ್ಯಾಡ ಕಣ್ಲಾ ಬೈರ ಅಂತ ನೀವು ಒಂದ್ ಮಾತು ಅಂದಿದ್ರೆ, ಬಂದೋರ್ಗೆಲ್ಲ ನಾನೇ ಇಲ್ಲ ಅಂತಿದ್ದೆ. ನಾನೇ ಕೆಟ್ಟೋನಾಯ್ತಿದ್ದೆ. ನೀವು ಕಳ್ಳ ಅನ್ನುಸ್ಬುಟ್ರಿ."

ಬೆಟ್ಟಮ್ಮ ಆಗಲೇ ಹಿತ್ತಲಿನ ಮನೆಯ ಕಡೆ ಸಾಮಾನು ಕಟ್ಟಲು ನಡೆದಿದ್ದಳು. ಬೈರಯ್ಯ ಅವಳ ಹಿಂದೆ ಹೊರಟವನು ನಿಂತ. ತಮ್ಮಯ್ಯ ಎತ್ತಿದ್ದ ಬಾನೆಟ್ ಹಾಗೇ ತೆರೆದಿತ್ತು. ಬೈರಯ್ಯ ಮಡ್‌ಗಾರ್ಡಿನ ಮೇಲಿನ ಹೊಸ ಫ್ಯೂಸೊಂದನ್ನು ತೆಗೆದುಕೊಂಡು ಡಬ್ಬಿಗೆ ಸಿಕ್ಕಿಸಿದ. ಬಾನೆಟ್ಟನ್ನು ಎರಡು ಕೈಯಲ್ಲೂ ಹಿಡಿದು ಸದ್ದಾಗದಂತೆ ಇಳಿಸಿ ಒತ್ತಿದ. ತನ್ನ ಅಂಗೈ ಗುರುತು ಮೂಡಿದ್ದ ಕಡೆ ಹೆಗಲ ಟವೆಲಿನಿಂದ ಒಂದು ಸಲ ಒರಸಿ, ಹಿತ್ತಲ ಕಡೆ ನಡೆದ.