ಹೆಬ್ಬೆಟ್ಟಿನಷ್ಟು ಜಾಗ

ಬಹಳ ಹಿಂದೆ, ಕಡಲಿಗೂ ಮುಗಿಲಿಗೂ ಇನ್ನೂ ಯಾರೂ ಗಡಿ ಎಳೆದಿರದ ಕಾಲದಲ್ಲಿ, ನೀಲಾವತಿ ಎಂಬ ರಾಜ್ಯವಿತ್ತು. ಆ ರಾಜ್ಯದ ತುತ್ತತುದಿಯ ಬೆಟ್ಟದ ಮೇಲೆ ರೇಖಾಮಠವೆಂಬ ಮಾಯಾವಿದ್ಯೆಯ ಶಾಲೆ. ಅಲ್ಲಿ ಕಲಿಸುತ್ತಿದ್ದುದು ಒಂದೇ ವಿದ್ಯೆ, ಭೂಪಟ ಬರೆಯುವುದು. ಅಲ್ಲಿಯವರು ಪಟದಲ್ಲಿ ಹೊಳೆಯನ್ನು ಬಗ್ಗಿಸಿದರೆ ನೆಲದ ಮೇಲೂ ಹೊಳೆ ಬಗ್ಗಿ ಹರಿಯುತ್ತಿತ್ತು. ದಾರಿ ಬರೆದರೆ ಕಾಡು ಸರಿದು ದಾರಿ ಬಿಡುತ್ತಿತ್ತು.

ಇಷ್ಟು ದೊಡ್ಡ ವಿದ್ಯೆಗೆ ಒಂದು ಸಣ್ಣ ಕಟ್ಟಳೆ. ಯಾವ ಪಟವನ್ನೇ ಬರೆಯಲಿ, ಅದರಲ್ಲಿ ಹೆಬ್ಬೆಟ್ಟಿನಷ್ಟು ಜಾಗ ಖಾಲಿ ಬಿಡಬೇಕು. "ಅದು ದೇವರ ಜಾಗ. ನೀವೇ ಎಲ್ಲ ತುಂಬಿಸಿಬಿಟ್ಟರೆ ಅವನು ಎಲ್ಲಿ ನಿಲ್ಲಬೇಕು?" ಎನ್ನುತ್ತಿದ್ದರು ಮಠದ ಗುರು ಬೊಮ್ಮಕ್ಕ.

ಆ ಮಠಕ್ಕೆ ಕೇತಕಿ ಎಂಬ ಹುಡುಗಿ ಕಲಿಯಲು ಬಂದಳು. ದೂರದ ಬಯಲಿನ ಹೊಂಗೆಹಾಳು ಅವಳ ಊರು. ಮನೆಯಲ್ಲಿ ಇದ್ದವಳು ಅವ್ವ ಒಬ್ಬಳೇ. ಮಠದಲ್ಲಿ ಕೇತಕಿಗೆ ಊಟಕ್ಕೆ ಕೊರತೆಯಿರಲಿಲ್ಲ, ಮಾತಿಗೆ ಕೊರತೆ. ಉಳಿದವರೆಲ್ಲ ಬೆಟ್ಟದ ಕಡೆಯವರು.

"ಏನೇ ಹೊಂಗೆಹಾಳು, ನಿಮ್ಮೂರಲ್ಲಿ ಬೆಟ್ಟ ಹತ್ತಬೇಕು ಅನಿಸಿದರೆ ಹುತ್ತ ಹತ್ತುತ್ತೀರಂತೆ?" ಎಂದು ತುಂಗಿ ಎಂಬವಳು ಕೆಣಕುವಳು. ಪಂಕ್ತಿಯೆಲ್ಲ ಕಿಸಕ್ಕನೆ ನಗುವುದು. ಕೇತಕಿ ಎಲೆ ಎತ್ತಿಕೊಂಡು ಮೂಲೆಗೆ ಸರಿಯುವಳು.

ಹೀಗಿರುತ್ತ ಅವಳು ಬೇಸರ ಕಳೆಯಲು ತನ್ನ ಊರಿನ ಪಟ ಬರೆಯತೊಡಗಿದಳು. ಗುಡಿ ಬರೆದಳು, ಬಾವಿ ಬರೆದಳು, ಬಾವಿಕಟ್ಟೆಯ ಮೇಲೆ ಹಗ್ಗ ಉಜ್ಜಿದ ಗೀರನ್ನೂ ಬರೆದಳು. ಕಡೆಗೆ ಹೆಬ್ಬೆಟ್ಟಿನಷ್ಟು ಜಾಗ ಉಳಿಯಿತು. ಅವಳ ಮನೆ ಬರಬೇಕಾದ ಜಾಗವೂ ಅದೇ. ಕಟ್ಟಳೆ ನೆನಪಾಯಿತು. ಆದರೆ ಅವ್ವನನ್ನು ಬಿಟ್ಟು ಊರು ಬರೆಯುವುದು ಹೇಗೆ? ಮನೆ ಬರೆದೇಬಿಟ್ಟಳು. ಹೊಸ್ತಿಲ ಮುಂದೆ ರಂಗೋಲಿ ಇಟ್ಟಳು.

ಕೊನೆಯ ಚುಕ್ಕಿ ಇಟ್ಟಿದ್ದೇ ತಡ, ದೂರದ ಹೊಂಗೆಹಾಳು ಜನ ದನ ಸಮೇತ ನೆಲದಿಂದ ಎದ್ದು ಪಟದೊಳಗೆ ಸೇರಿಹೋಯಿತು. ಕಿಟಕಿಯಿಂದ ಕಪ್ಪು ಕೈಯೊಂದು ಚಾಚಿ ಪಟವನ್ನು ಎಳೆದುಕೊಂಡಿತು. ಅದು ಮಸಿಮಲ್ಲನೆಂಬ ಮಾಂತ್ರಿಕನ ಕೈ. ದೇವರಿಗೆ ಜಾಗವಿಲ್ಲದ ಪಟವೆಲ್ಲ ಅವನ ಪಾಲು.

ಕೇತಕಿ ಬೊಮ್ಮಕ್ಕನ ಕಾಲಿಗೆ ಬಿದ್ದಳು. ಬೊಮ್ಮಕ್ಕ ಬೈಯಲಿಲ್ಲ.

"ಒಂಟಿ ಅನಿಸಿ ತುಂಬಿಸಿದೆ, ಅಲ್ಲವೇ ಮಗಳೇ? ಮಸಿಮಲ್ಲನ ಮಹಲಿಗೆ ಹೋಗಿ ತುಂಬಿಸಿದ ಜಾಗವನ್ನು ಒರೆಸು. ಆ ಮಸಿ ನಿನ್ನ ಬೆರಳಿಗೆ ಮಾತ್ರ ಅಳಿಯುತ್ತದೆ. ಆದರೆ ಅಳಿಸಿದ್ದು ಮತ್ತೆ ಬರುವುದಿಲ್ಲ, ನೆನಪಿರಲಿ."

"ನೀವು ಬರುವುದಿಲ್ಲವೇ ಗುರುಗಳೇ?"

"ಆ ದಾರಿಯಲ್ಲಿ ಒಬ್ಬರೇ ನಡೆಯಬೇಕು. ಕೂರುವಾಗ ಮಾತ್ರ ಪಕ್ಕದಲ್ಲಿ ಸ್ವಲ್ಪ ಜಾಗ ಬಿಡು."

ಹೋದಳು, ಹೋದಳು. ಅಡ್ಡಲಾಗಿ ಕರಿಹೊಳೆ ಬಂತು. ದಡದಲ್ಲಿ ಮಾತಾಡುವ ದೋಣಿ.

"ಎಷ್ಟು ಜನ?" ಎಂದಿತು ದೋಣಿ.

"ಒಬ್ಬಳೇ."

"ಒಬ್ಬರಿಗೆಂದು ನಾನು ಏಳುವುದಿಲ್ಲ."

ಕೇತಕಿ ದಡದಲ್ಲಿ ಕಾದಳು. ಮನುಷ್ಯರಿರಲಿ, ಒಂದು ಹಕ್ಕಿಯೂ ಆ ಕಡೆ ಸುಳಿಯಲಿಲ್ಲ. ಗುರುವಿನ ಮಾತು ನೆನಪಾಯಿತು. ದೋಣಿಯ ಹಲಗೆಯ ಒಂದು ತುದಿಗೆ ಕೂತು, ಮಿಕ್ಕ ಜಾಗ ಬಿಟ್ಟು, "ಇಬ್ಬರು" ಎಂದಳು. ಖಾಲಿ ಪಕ್ಕ ಮೆಲ್ಲಗೆ ತಗ್ಗಿತು, ಯಾರೋ ಕೂತ ಹಾಗೆ. ದೋಣಿ ಹೊರಟಿತು.

ಹೊಳೆಯಾಚೆ ಕಣಿವೆ. ಕಣಿವೆಯ ಬಂಡೆಯ ಮೇಲೆ ಮಸಿಯಲ್ಲಿ ಬರೆದ ಹುಲಿ, ಜೀವ ಬಂದು ಗುರುಗುಡುತ್ತಿತ್ತು.

"ಎಷ್ಟು ಜನ? ಒಂಟಿಯಾಗಿ ಬಂದವರನ್ನು ತಿನ್ನುವುದು ನನ್ನ ಕೆಲಸ."

"ಇಬ್ಬರು" ಎಂದಳು ಕೇತಕಿ. ಸ್ವಾಮಿಯನ್ನು ನೆನೆದು ಬಂಡೆಯ ಅಂಚಿಗೆ ಕೂತಳು, ಪಕ್ಕದಲ್ಲಿ ಜಾಗ ಬಿಟ್ಟಳು.

ಹುಲಿ ಆ ಜಾಗವನ್ನು ಮೂಸಿತು, ಅವಳ ಮುಖ ನೋಡಿತು. "ನನ್ನನ್ನು ಬರೆದವನು ಕೂಡ ಒಂದು ದಿನ ಕೂತ್ಕೋ ಅನ್ನಲಿಲ್ಲ" ಎಂದು ಗೊಣಗಿ, ಅಲ್ಲೇ ಮುದುರಿ ಮಲಗಿ ಬೆಕ್ಕಿನಂತೆ ಗೊರಕೆ ಹೊಡೆಯಿತು.

ಕಣಿವೆಯ ಕೊನೆಗೆ ಮಸಿಮಲ್ಲನ ಮಹಲು. ಗೋಡೆಯ ತುಂಬ ಪಟಗಳು, ಪಟದ ತುಂಬ ಸೆರೆಸಿಕ್ಕ ಊರುಗಳು. ಹೊಂಗೆಹಾಳೂ ಅಲ್ಲಿ ತೂಗುತ್ತಿತ್ತು. ಒಳಗೆ ಜನ ಇರುವೆಗಳಂತೆ ಓಡಾಡುತ್ತಿದ್ದರು. ಗಾಳಿಯಿರಲಿಲ್ಲ. ಗುಡಿಯ ಗಂಟೆ ತೂಗುತ್ತಿತ್ತು, ಸದ್ದಿರಲಿಲ್ಲ. ಅವ್ವ ಹೊಸ್ತಿಲು ದಾಟಿ ಬಂದು ರಂಗೋಲಿಯ ಮೇಲೇ ನಿಂತು ದಾರಿ ನೋಡುತ್ತಿದ್ದಳು.

ಕೇತಕಿ ಎತ್ತಿದ ಹೆಬ್ಬೆರಳು ಹಾಗೇ ನಿಂತಿತು. ಒರೆಸಿದರೆ ಮನೆಯ ಜೊತೆ ಅವ್ವನೂ ಅಳಿಸಿಹೋಗುತ್ತಾಳೆ.

"ಯಾಕೆ ಕಷ್ಟಪಡುತ್ತೀ ತಂಗಿ?" ಮಸಿಮಲ್ಲ ಬಾಗಿಲಿಗೆ ಒರಗಿ ನಕ್ಕ. "ಒಳಗೆ ಹೋಗಿಬಿಡು. ನಿನ್ನ ಮನೆ, ನಿನ್ನ ಅವ್ವ. ಹೊರಗೆ ನಿನಗೆ ಯಾರಿದ್ದಾರೆ?"

ಆ ಮಾತು ನಾಟಿತು. ಹೊರಗೆ ಅವಳಿಗೆ ಯಾರೂ ಇರಲಿಲ್ಲ. ಹೋಗಿಬಿಡಲೇ ಅನಿಸಿತು. ಆದರೆ ಅವ್ವ ತನ್ನ ಹೆಸರು ಕೂಗುತ್ತಿರುವುದು ತುಟಿಯಲ್ಲಿ ಕಂಡಿತು, ಕಿವಿಗೆ ಕೇಳಲಿಲ್ಲ. ಒಳಗೆ ಹೋದರೆ ಇಬ್ಬರೂ ಹೀಗೇ, ಎಂದೆಂದಿಗೂ.

ಅವಳು ಪಟದ ಬಾವಿಗೆ ಬಾಯಿ ಹತ್ತಿರ ತಂದು, "ಅವ್ವಾ, ಇಲ್ಲಿದ್ದೀನಿ" ಎಂದು ಕರೆದಳು.

ಸದ್ದಿಲ್ಲದ ಊರಿಗೆ ಅದೊಂದೇ ಸದ್ದು. ಅವ್ವ ಸೆರಗು ಸಿಕ್ಕಿಸಿಕೊಂಡು ಬಾವಿಯತ್ತ ಓಡಿಬಂದಳು. ಕೇತಕಿ ಹಲಗೆ ಒರೆಸುವ ಮಕ್ಕಳಂತೆ ಹೆಬ್ಬೆರಳಿಗೆ ಎಂಜಲು ಹಚ್ಚಿ, ಹುಟ್ಟಿದ ಮನೆಯನ್ನು, ಹೊಸ್ತಿಲನ್ನು, ರಂಗೋಲಿಯನ್ನು ಒರೆಸಿಬಿಟ್ಟಳು.

ಖಾಲಿಯಾದ ಜಾಗದಿಂದ ಬೆಳಕು ಬಂತು. ಅದು ತಾಗಿದ ಪಟಗಳಲ್ಲೆಲ್ಲ ಹೆಬ್ಬೆಟ್ಟಿನಷ್ಟು ಜಾಗ ತೆರೆದುಕೊಂಡು, ಊರುಗಳು ಒಂದೊಂದಾಗಿ ನೆಲಕ್ಕಿಳಿದವು. ಮಸಿಮಲ್ಲ ಕರಗಿ ಒಂದು ಹನಿ ಮಸಿಯಾದ. ಬೊಮ್ಮಕ್ಕ ಆಮೇಲೆ ಆ ಹನಿಯಲ್ಲೇ ಹೊಂಗೆಹಾಳಿನಿಂದ ಮಠಕ್ಕೆ ನೇರ ದಾರಿ ಬರೆದರು. ಕೆಟ್ಟವನಿಂದಲೂ ಒಳ್ಳೆಯ ಕೆಲಸ ಮಾಡಿಸುವವನು ನಮ್ಮ ಸ್ವಾಮಿ.

ಊರಿನವರು ಅವ್ವನಿಗೆ ಗುಡಿಯ ಪಕ್ಕದಲ್ಲಿ ಬೇರೆ ಮನೆ ಕಟ್ಟಿಕೊಟ್ಟರು. ಹಳೆಯ ಮನೆಯಿದ್ದ ಜಾಗ ಖಾಲಿಯೇ ಉಳಿಯಿತು. ಅಲ್ಲಿ ಅವ್ವ ದಿನಾ ಒಂದು ದೀಪ ಹಚ್ಚಿಡುತ್ತಿದ್ದಳು.

ಕೇತಕಿ ಮಠಕ್ಕೆ ಮರಳಿದಳು. ಊಟದ ಹೊತ್ತಿಗೆ ಮೂಲೆಗೆ ಹೋಗದೆ ಪಂಕ್ತಿಯಲ್ಲೇ ಕೂತು, ಪಕ್ಕದಲ್ಲಿ ಸ್ವಲ್ಪ ಜಾಗ ಬಿಟ್ಟಳು. ತುಂಗಿ ಎಲೆ ಹಿಡಿದು ಅವಳ ಹತ್ತಿರ ಬಂದಳು.

"ಇಲ್ಲಿ ಯಾರಾದರೂ ಇದ್ದಾರೇನೇ?"

"ಇದ್ದಾನೆ" ಎಂದಳು ಕೇತಕಿ. "ನೀನೂ ಕೂತ್ಕೋ. ಜಾಗ ಇದೆ."

ಅಂದಿನಿಂದ ನೀಲಾವತಿಯಲ್ಲಿ ಯಾರೂ ಒಂಟಿಯಾಗಿ ಉಣ್ಣಲಿಲ್ಲ. ಎಲ್ಲರೂ ನೂರು ಕಾಲ ಸುಖವಾಗಿದ್ದರು.