ಕತ್ತಲೆಕೋಣೆಯ ಪಂಜು

ನೀವು ನಂಬಲೇಬೇಕು ಅಂತ ನಾನು ಹೇಳುತ್ತಿಲ್ಲ. ಚಳಿಗಾಲದಲ್ಲಿ ಕಡಲೇ ಹೆಪ್ಪುಗಟ್ಟುವ ಲೂಲಿಯೊ ಊರಿನಲ್ಲಿ ನಾನೂ ತಮ್ಮ ಸಿಕ್ಸ್ತೆನ್‌ನೂ ಬೇರೆ ಬೇರೆ ಮನೆಯಲ್ಲಿದ್ದರೂ, ಕಂಪ್ಯೂಟರಿನಲ್ಲಿ ಇಟ್ಟಿಗೆ ಜೋಡಿಸಿ ಬದುಕುವ ಆಟವನ್ನು ಒಂದೇ ಲೋಕದಲ್ಲಿ ಆಡುತ್ತಿದ್ದೆವು. ಮೊದಲ ವಾರವೇ ಎತ್ತರದಲ್ಲೊಂದು ಕಲ್ಲುಕೋಣೆ ಕಟ್ಟಿದೆವು. ಆ ಆಟದಲ್ಲಿ ಒಳಗೆ ಕಗ್ಗತ್ತಲಿದ್ದರೆ ಪಿಶಾಚಿಗಳು ಹುಟ್ಟುತ್ತವೆ, ನಾವು ಹರಿಯಬಿಟ್ಟ ನೀರು ಅವನ್ನು ನೂಕಿ ಕೆಳಗೆ ಬೀಳಿಸುತ್ತದೆ, ಬಿದ್ದು ಸತ್ತವುಗಳ ಎಲುಬು, ಬಾಣ ನಮಗೆ. ಮೂರು ದಿನ ಕಾದರೂ ಒಂದೂ ಬೀಳಲಿಲ್ಲ. ಸಿಕ್ಸ್ತೆನ್ ಒಳಗೊಂದು ಪಂಜು ಸಿಕ್ಕಿಸಿ ಬಿಟ್ಟಿದ್ದ. ಆಟದ ಮೈಕಿನಲ್ಲೇ ಬೈದೆ.

"ಪೆದ್ದು ಮುಂಡೇದೇ, ಬೆಳಕಿದ್ರೆ ಹೆಂಗೋ ಹುಟ್ತವೆ?"

"ಕತ್ತಲು ನಂಗಾಗಲ್ಲ ಅಂತ ಗೊತ್ತಲ್ವೇನಕ್ಕಾ."

"ಮೂವತ್ತು ವರ್ಷದ ಗಂಡಸು! ತೊಲಗು ನನ್ನ ಲೋಕದಿಂದ."

ಪಂಜು ಕಿತ್ತೆ. ನಮ್ಮ ಲೋಕದೊಳಗೆ ಬರಬಹುದಾದವರ ಪಟ್ಟಿಯಲ್ಲಿ ನಮ್ಮಿಬ್ಬರ ಹೆಸರಿತ್ತು, ಅವನದನ್ನು ಹೊಡೆದುಹಾಕಿದೆ. ಪಟ್ಟಿಯ ಪಾಸ್‌ವರ್ಡ್ ನನ್ನೊಬ್ಬಳಿಗೇ ಗೊತ್ತು. ಅವನು ಎರಡು ಸಲ ಫೋನ್ ಮಾಡಿದ, ಎತ್ತಲಿಲ್ಲ. ಮಾರ್ಚ್‌ನಲ್ಲಿ ಹೆಪ್ಪುಗಟ್ಟಿದ ಕೊಲ್ಲಿಯ ಮೇಲೆ ನಡೆಯುವಾಗ ಹಿಮಗಡ್ಡೆ ಒಡೆದು ಮುಳುಗಿಹೋದ.

ಮಣ್ಣು ಮಾಡಿದ ವಾರಕ್ಕೆ, ಮಟಮಟ ಮಧ್ಯಾಹ್ನ, ಆಟ ತೆರೆದೆ. ಕೋಣೆಯೊಳಗೆ ಪಂಜು ಉರಿಯುತ್ತಿತ್ತು. ಕಿತ್ತು ಗೋಡೆ ಮುಚ್ಚಿದೆ. ನೀರಿನ ಸದ್ದಿನ ನಡುವೆ, ಪಂಜು ಸಿಕ್ಕಿಸಿದಾಗ ಬರುವ ಹಾಗೆ, 'ಟಕ್' ಅಂತು. ಗೋಡೆ ಒಡೆದು ನೋಡಿದರೆ ಅದೇ ಜಾಗದಲ್ಲಿ ಪಂಜು. ಮತ್ತೆ ಕಿತ್ತೆ, ಮತ್ತೆ ಟಕ್. ಕೈಯಲ್ಲಿದ್ದ ಮೌಸ್ ಹಿಮದ ಹಾಗೆ ತಣ್ಣಗಾಗುತ್ತಾ ಹೋಯಿತು. ಒಂಬತ್ತು ಸಲ ಕಿತ್ತೆ. ಒಂಬತ್ತೂ ಪಂಜು ಈಗಲೂ ಆಟದ ನನ್ನ ಪೆಟ್ಟಿಗೆಯಲ್ಲಿವೆ.

"ಆಯ್ತು ಬಾರೋ," ಅಂದೆ, ಖಾಲಿ ಮನೆಯಲ್ಲಿ ಗಟ್ಟಿಯಾಗಿಯೇ. ಅವನ ಹೆಸರು ಮತ್ತೆ ಸೇರಿಸಲು ಪಟ್ಟಿ ತೆರೆದೆ.

ಅವನ ಹೆಸರು ಆಗಲೇ ಅಲ್ಲಿತ್ತು. ನನ್ನದಿರಲಿಲ್ಲ.