ಕಂಕುಳಿಗೆ ಅರ್ಧ ಇಂಚು

ಮಂಗಳವಾರ ಬೆಳಿಗ್ಗೆ 10.40ಕ್ಕೆ ಹೊಲಿಗೆಯಂಗಡಿಯ ಒಡತಿ ಠಾಣೆಗೆ ಬಂದು ಕುರ್ಚಿಯ ತುದಿಯಲ್ಲಿ ಕೂತರು.

"ನಿನ್ನೆ ರವಿಕೆಯ ರೇಷ್ಮೆಗೆ ಕತ್ತರಿ ಇಡ್ತಿದ್ದೆ ಸಾರ್. ಗೋಡೆ ಮೇಲಿನ ಕ್ಯಾಮೆರಾ, 'ನಿಲ್ಲಮ್ಮಾ! ಕಂಕುಳಿಗೆ ಇನ್ನೂ ಅರ್ಧ ಇಂಚು ಬಿಡು' ಅಂತು."

ಹೆಡ್ ಕಾನ್‌ಸ್ಟೆಬಲ್ ನಗು ನುಂಗಿಕೊಂಡರು. ಇನ್‌ಸ್ಪೆಕ್ಟರ್ ಕೇಳಿದರು, "ಬಿಟ್ರಾ?"

"ಬಿಟ್ಟೆ. ಸರಿಯಾಗೇ ಕೂತ್ಕೊಳ್ತು. ಆದ್ರೆ ಆ ದನಿ ಕೇಳಿ, ಅಳತೆ ಕೊಡೋಕೆ ಬಂದೋರು ಬಟ್ಟೆ ವಾಪಸ್ ತಗೊಂಡು ಹೋದ್ರು. ಹೀಗಾದ್ರೆ ಅಂಗಡಿ ಮುಚ್ಚೋದೇ."

ಎಫ್‌ಐಆರ್ ದಾಖಲಾಯಿತು. ಹೆಡ್ ಕಾನ್‌ಸ್ಟೆಬಲ್‌ಗೆ ಠಾಣೆ ವಹಿಸಿ, ಇನ್‌ಸ್ಪೆಕ್ಟರ್ ಮಹಿಳಾ ಕಾನ್‌ಸ್ಟೆಬಲ್ ಜೊತೆ ಹೊರಟರು. 11.30ಕ್ಕೆ ಅಂಗಡಿಯಲ್ಲಿ ಪಂಚನಾಮೆ. ಕ್ಯಾಮೆರಾಗೆ ಕತ್ತರಿಸುವ ಮೇಜಿನ ಜೊತೆ ಅಳತೆಯ ಮೂಲೆಯೂ ಕಾಣುತ್ತಿತ್ತು.

"ಪಾಸ್‌ವರ್ಡ್?"

"ಡಬ್ಬದ ಮೇಲಿತ್ತಲ್ಲ, ಒಂದು ಎರಡು ಮೂರು ನಾಲ್ಕು. ಅದೇ."

ಊರಿಗೆಲ್ಲ ಒಂದೇ ಬೀಗದಕೈ! ತೆರೆದ ಕ್ಯಾಮೆರಾಗಳನ್ನು ಪಟ್ಟಿ ಮಾಡುವ ಜಾಲತಾಣವೊಂದರಲ್ಲಿ ಕಾನ್‌ಸ್ಟೆಬಲ್ ಅಂಗಡಿಯನ್ನು ಹುಡುಕಿ ತೆಗೆದಳು. ನೋಡುತ್ತಿದ್ದವರು ಹದಿನಾಲ್ಕು ಜನ. ಪಟ್ಟಿಯ ಕೆಳಗೆ ಠಾಣೆಯ ವರಾಂಡವೂ ಇತ್ತು. ಅಲ್ಲಿ ಹೆಡ್ ಕಾನ್‌ಸ್ಟೆಬಲ್ ಬಾಯಿ ತೆರೆದು ನಿದ್ದೆ ಹೊಡೆಯುತ್ತಿದ್ದರು.

"ದೀಪದ ಬುಡ ಕತ್ತಲೆ," ಎಂದು ಇನ್‌ಸ್ಪೆಕ್ಟರ್ ಫೋನ್ ಮಾಡಿ ಎಬ್ಬಿಸಿದರು.

ಕ್ಯಾಮೆರಾದ ದಾಖಲೆಯ ಪ್ರಕಾರ, ಅದರ ಸ್ಪೀಕರ್ ಮೂಲಕ ಮಾತಾಡಿದ್ದು ಒಂದೇ ಇಂಟರ್ನೆಟ್ ಸಂಪರ್ಕದಿಂದ. ಬುಧವಾರ ಸಂಜೆ ನಾಲ್ಕಕ್ಕೆ ಇಂಟರ್ನೆಟ್ ಕಂಪನಿ ವಿಳಾಸ ಕೊಟ್ಟಿತು. ಎರಡು ಬೀದಿ ಆಚೆ ಬಾಗಿಲು ತೆರೆದದ್ದು ಒಬ್ಬ ಮುದುಕ, ಕೊರಳಲ್ಲಿ ಅಳತೆಪಟ್ಟಿ.

"ಎಷ್ಟು ದಿನದಿಂದ ನೋಡ್ತಿದ್ರಿ?"

"ಇಪ್ಪತ್ತೆರಡು. ಮೇಜು ಬಿಟ್ಟು ಬೇರೆ ನೋಡ್ಲಿಲ್ಲ. ನೀವು ನಂಬಬೇಕಂತೇನಿಲ್ಲ."

"ಮಾತಾಡಿ ಸಿಕ್ಕಿಬಿದ್ರಲ್ಲ?"

"ರೇಷ್ಮೆ ಹಾಳಾಗ್ತಿತ್ತು ಸಾರ್!"

ಬಂಧಿಸಿ ಠಾಣೆಗೆ ತಂದರು. ಅಲ್ಲಿಗೆ ಬಂದ ಒಡತಿ ಹೊಟ್ಟೆತುಂಬ ಬೈದರು. ಸಹಿ ಹಾಕಲು ಪೆನ್ನು ಹಿಡಿದಾಗ ಅವನ ಕೈ ಗಡಗಡ ನಡುಗಿತು.

"ನಲವತ್ತು ವರ್ಷ ಬಟ್ಟೆ ಕತ್ತರಿಸಿದ ಕೈ. ಈಗ ಲೋಟ ಹಿಡಿದ್ರೆ ನೀರು ಚೆಲ್ಲುತ್ತೆ. ಕಣ್ಣು ಮಾತ್ರ ಕೆಲಸ ಕೇಳ್ತಿತ್ತು. ಇವರ ಅಂಗಡಿ ಬಾಗಿಲಿಗೆ ಬಂದು ಈ ಕೈ ತೋರ್ಸೋಕೆ ನಾಚಿಕೆ ಆಯ್ತು."

ಒಡತಿ ಜಾರುತ್ತಿದ್ದ ಕಾಗದವನ್ನು ಒತ್ತಿಹಿಡಿದು, "ಜಾಮೀನು ಸಿಕ್ಕಿದ್ ಮೇಲೆ ಅಂಗಡಿಗೇ ಬನ್ನಿ. ನಾನು ತಪ್ಪು ಕತ್ತರಿಸಿದ್ರೆ ಎದುರಿಗೇ ಬೈಯಿರಿ," ಎಂದರು.

ಹೊಸ ಪಾಸ್‌ವರ್ಡ್ ಹಾಕಿ, ಕ್ಯಾಮೆರಾವನ್ನು ಬೀದಿಬಾಗಿಲಿಗೆ ತಿರುಗಿಸಿದರು. ಶುಕ್ರವಾರ ಇಬ್ಬರು ಹೆಂಗಸರು ಬಟ್ಟೆ ಹಿಡಿದು ಮರಳಿದರು. ಇನ್‌ಸ್ಪೆಕ್ಟರ್ ಕೇಸ್ ಡೈರಿಯಲ್ಲಿ ಬರೆದರು: "ನೋಡುತ್ತಿದ್ದವರು ಹದಿನಾಲ್ಕು. ಬಟ್ಟೆ ಹಾಳಾಗುವುದನ್ನು ತಾಳಲಾರದೆ ಬಾಯಿ ಬಿಟ್ಟವನು ಒಬ್ಬನೇ."